ಕಲ್ಲಿನ ಬಾಲ ಒಳಗಿರಬೇಕು

ಯಜಮಾನರಿಗೆ ಫ್ರಾನ್ಸಿನ ಕಾಓರ್ ಪಟ್ಟಣದಲ್ಲಿ ಕೆಲಸ ಸಿಕ್ಕಿದೆ, ಬಾಡಿಗೆ ಕಮ್ಮಿ ಅಂತ ಲಿಮೋಞ್ ಕಡೆ ಹಳ್ಳಿಮನೆ ನೋಡುತ್ತಿದ್ದೇವೆ, ಅಲ್ಲಿ ಬೇಜಾರಾಗಲ್ವಾ ಅಂತ ಕೇಳಿದ್ದೀರಿ. ಆಗುತ್ತದೆ. ಮೊದಲ ಚಳಿಗಾಲ ನಾನಂತೂ ಎಷ್ಟೋ ದಿನ ಅತ್ತಿದ್ದೇನೆ. ಡಿಸೆಂಬರಿನಲ್ಲಿ ಐದೂವರೆಗೆಲ್ಲ ಕತ್ತಲೆ, ಬೀದಿಯಲ್ಲಿ ಒಂದು ನಾಯಿಯೂ ಕಾಣಲ್ಲ. ಕಾರು ಓಡಿಸಲು ಬರದಿದ್ದರೆ ಈಗಲೇ ಕಲಿಯಿರಿ.

ಆದರೂ 16 ವರ್ಷದಿಂದ ಇಲ್ಲೇ ಇದ್ದೇನೆ. ನನ್ನನ್ನು ಈ ಊರಿನವಳನ್ನಾಗಿ ಮಾಡಿದ್ದು ಒಂದು ಕಲ್ಲುಗೋಡೆ.

ಇಲ್ಲಿಯದು ಸುಣ್ಣಕಲ್ಲಿನ ನೆಲ, ಮಳೆ ಬಿದ್ದರೆ ನೀರು ನಿಲ್ಲುವುದಿಲ್ಲ. ಉಳಬೇಕಾದರೆ ಮೊದಲು ಕಲ್ಲು ಆರಿಸಬೇಕು. ಹಾಗೆ ಆರಿಸಿದ ಕಲ್ಲೇ ಹೊಲದ ಸುತ್ತ ಗೋಡೆ, ಅದೇ ಕುರುಬರ ಗುಡಿಸಲು. ಗಾರೆ ಇಲ್ಲ, ಮಣ್ಣೂ ಇಲ್ಲ, ಬರೀ ಜೋಡಣೆ. ಈ ವಿದ್ಯೆಯನ್ನು 2018ರಲ್ಲಿ ಯುನೆಸ್ಕೋ ತನ್ನ ಪರಂಪರೆಯ ಪಟ್ಟಿಗೆ ಸೇರಿಸಿದೆ. ಗೋಡೆಯ ಆಚೆ ಮೇಯುವ ಕುರಿಗಳಿಗೆ ಕಣ್ಣಿನ ಸುತ್ತ ಕಪ್ಪು, ಥೇಟ್ ಕನ್ನಡಕ ಹಾಕಿದ ಮೇಷ್ಟ್ರು!

ಒಂದು ಶನಿವಾರ ಬಿದ್ದ ಗೋಡೆ ಎತ್ತಲು ಊರವರ ಜೊತೆ ನಾನೂ ಹೋದೆ. ಉದ್ದನೆಯ ಕಲ್ಲೊಂದನ್ನು ಅಡ್ಡಡ್ಡ, ಚೆಂದ ಕಾಣುವ ಹಾಗೆ ಇಟ್ಟೆ. ಪಕ್ಕದ ಮನೆಯ ತಾತ ಏನೂ ಮಾತಾಡದೆ ಅದನ್ನು ಕಿತ್ತು ತಿರುಗಿಸಿ ಇಟ್ಟ. ಚಿಕ್ಕ ಮುಖ ಹೊರಗೆ, ಉದ್ದನೆಯ ಬಾಲ ಗೋಡೆಯ ಒಳಗೆ. ಸಂದಿಗೆ ಕಲ್ಲಿನ ಚೂರು ತುರುಕಿ, ಅಲುಗಾಡಿಸು ಅಂತ ಸನ್ನೆ ಮಾಡಿದ. ಅಲುಗಲಿಲ್ಲ. ನನಗೆ ಆಗ ಫ್ರೆಂಚ್ ಬರುತ್ತಿದ್ದದ್ದು ನಾಲ್ಕೇ ಮಾತು. ಮರುದಿನದಿಂದ ಆತ ಬೇಲಿಯ ಮೇಲೆ ಟೊಮೇಟೊ ಇಟ್ಟು ಹೋಗತೊಡಗಿದ.

ಅದಕ್ಕೇ ಹೇಳುತ್ತೇನೆ, ಊರಿನ ಹಳೆಯ ವಸ್ತು ಉಳಿಸುವ ಕೆಲಸಕ್ಕೆ ಕೈ ಹಾಕಿ. ಬಟ್ಟೆ ಒಗೆಯುವ ಹಳೆಯ ಕಟ್ಟೆಗಳನ್ನು ನೋಡಿ, ಓರೆ ಚಪ್ಪಡಿಗಳು ಚಿಟ್ಟೆಯ ರೆಕ್ಕೆಯಂತೆ ಎರಡು ಕಡೆ ಬಿಚ್ಚಿಕೊಂಡಿರುತ್ತವೆ. ಹೆಸರೂ ಚಿಟ್ಟೆ ಕಟ್ಟೆ ಅಂತಲೇ. ಅದರ ಪಾಚಿ ಕೆರೆಯುವ ದಿನ ಹೋಗಿ. ನವೆಂಬರ್ 11, ಮೊದಲ ಮಹಾಯುದ್ಧ ನಿಂತ ದಿನ, ಯುದ್ಧಸ್ತಂಭದ ಹತ್ತಿರ ಸತ್ತವರ ಹೆಸರು ಓದುತ್ತಾರೆ, ಅಷ್ಟು ಚಿಕ್ಕ ಊರಿಗೆ ಅಷ್ಟು ಹೆಸರು ಅನಿಸುತ್ತದೆ. ಅವತ್ತೂ ತಪ್ಪಿಸಬೇಡಿ.

ಸಸ್ಯಾಹಾರ ಕೇಳಿದ್ದಿರಲ್ಲ? ಮನೆಯಲ್ಲಿ ತೊಂದರೆಯಿಲ್ಲ. ಊರೂಟದಲ್ಲಿ ಹುರಿದ ಆಲೂಗಡ್ಡೆ ಕಂಡು ಸುಮ್ನೆ ತಟ್ಟೆಗೆ ಹಾಕಿಕೊಳ್ಳಬೇಡಿ. ಬಾತುಕೋಳಿಯ ಕೊಬ್ಬಿನಲ್ಲಿ ಹುರಿಯುವುದೇ ಜಾಸ್ತಿ. ಕೇಳಿ ತಿನ್ನಿ.

ಮನೆ ನೋಡಲು ಜುಲೈನಲ್ಲಿ ಬರಬೇಡಿ, ಆಗ ಎಲ್ಲವೂ ಚೆಂದವೇ. ಜನವರಿಯಲ್ಲಿ ಬನ್ನಿ, ಅದೂ ಮಂಗಳವಾರ. ಮಧ್ಯಾಹ್ನ ಹತ್ತಿರದ ಲಾಲ್ಬೆಂಕ್ ಊರಿನಲ್ಲಿ ದುಬಾರಿ ಟ್ರಫಲ್ ಅಣಬೆಯ ಸಂತೆ. ಬುಟ್ಟಿಗಳ ಮುಂದೆ ಹಗ್ಗ ಕಟ್ಟಿರುತ್ತಾರೆ, ಸಂತೆ ಶುರುವಾಗುವ ಹೊತ್ತಿನವರೆಗೆ ಯಾರೂ ದಾಟುವಂತಿಲ್ಲ. ಕೊಳ್ಳಲು ನಮ್ಮ ಕೈಲಾಗಲ್ಲ ಬಿಡಿ, ವಾಸನೆ ನೋಡಿಕೊಂಡು ಬರೋಣ.