ಬಿದನೂರಿನ ದ್ರೋಹ ಮತ್ತು ಈಸೂರಿನ ಬಂಡಾಯ: ಪ್ರತಿಕ್ರಿಯೆ

ಮಾನ್ಯರೇ, 1763ರಲ್ಲಿ ಹೈದರಾಲಿಗೆ ಕೆಳದಿ ನಾಯಕರ ರಾಜಧಾನಿ ಬಿದನೂರಿನ ಗುಪ್ತಮಾರ್ಗ ತೋರಿಸಿದನೆನ್ನಲಾದ ಮಾಜಿ ಮಂತ್ರಿಯನ್ನೂ 1942ರ ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಬಂಡೆದ್ದ, ಶಿಕಾರಿಪುರದ ಬಳಿಯ ಈಸೂರಿನವರನ್ನೂ ಇಂದಿನ ಕಾನೂನು ಒಂದೇ ಬಗೆಯ ದ್ರೋಹಿಗಳೆಂದು ನೋಡುತ್ತದೆಯೇ ಎಂದು ಕೇಳಿದ್ದೀರಿ. ಇಲ್ಲವೆಂಬುದು ನನ್ನ ಅಭಿಪ್ರಾಯ.

ದಾಳಿಗೆ ಬಂದವನಿಗೆ ಒಳಗಿನವನೇ ನೆರವಾಗುವುದು ಇಂದಿನ ದಂಡ ಕಾನೂನಾದ ಭಾರತೀಯ ನ್ಯಾಯ ಸಂಹಿತೆಯ 147ನೇ ಕಲಮಿನ ವ್ಯಾಪ್ತಿಗೆ ಬರಬಹುದು. ಸರ್ಕಾರದ ವಿರುದ್ಧ ಯುದ್ಧ ಹೂಡುವುದಕ್ಕೂ ಅದಕ್ಕೆ ಕುಮ್ಮಕ್ಕು ನೀಡುವುದಕ್ಕೂ ಅಲ್ಲಿ ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯಿದೆ. ಆಳುವವರ ಬಗ್ಗೆ ಅಸಮಾಧಾನ ಹುಟ್ಟಿಸುವುದನ್ನೇ ಅಪರಾಧವೆಂದ ಹಳೆಯ ದಂಡಸಂಹಿತೆಯ 124ಎ ಕಲಮು, ಅಂದರೆ ರಾಜದ್ರೋಹದ ಕಲಮು, ಬೇರೆ. 1870ರಲ್ಲಿ ಸೇರಿಸಿದ ಆ ಕಲಮಿನಡಿಯಲ್ಲೇ 1908ರಲ್ಲಿ ತಿಲಕರಿಗೂ 1922ರಲ್ಲಿ ಗಾಂಧೀಜಿಯವರಿಗೂ ಆರಾರು ವರ್ಷಗಳ ಶಿಕ್ಷೆಯಾಯಿತು. ಹಿಂಸೆಗೆ ಪ್ರಚೋದಿಸದ ಟೀಕೆ ರಾಜದ್ರೋಹವಲ್ಲವೆಂದು ಸುಪ್ರೀಂ ಕೋರ್ಟ್ 1962ರ ಕೇದಾರನಾಥ್ ಸಿಂಗ್ ಪ್ರಕರಣದಲ್ಲಿ ಹೇಳಿದ್ದನ್ನು ನಾವು ಮರೆಯಲೇಬಾರದು.

ಈಸೂರಿನವರು ಯಾವ ಶತ್ರುವಿಗೂ ಊರನ್ನು ಒಪ್ಪಿಸಿದವರಲ್ಲ. ವೀರಭದ್ರ ದೇವಸ್ಥಾನದ ಮೇಲೆ ಧ್ವಜ ಹಾರಿಸಿ, ಅಧಿಕಾರಿಗಳಿಗೆ ಊರೊಳಗೆ ಪ್ರವೇಶವಿಲ್ಲವೆಂದು ಸಾರಿ, ಹುಡುಗರನ್ನೇ ಅಮಲ್ದಾರ (ತಾಲ್ಲೂಕಿನ ಅಧಿಕಾರಿ), ಸಬ್ ಇನ್‌ಸ್ಪೆಕ್ಟರ್ ಎಂದು ನೇಮಿಸಿಕೊಂಡು ತಮ್ಮದೇ ಆಡಳಿತ ಕಟ್ಟಿಕೊಂಡರು. ಆ ಸೆಪ್ಟೆಂಬರಿನ ಘರ್ಷಣೆಯಲ್ಲಿ ನಿಜವಾದ ಅಮಲ್ದಾರರೂ ಸಬ್ ಇನ್‌ಸ್ಪೆಕ್ಟರರೂ ಸತ್ತರು. 1943ರ ಮಾರ್ಚ್‌ನಲ್ಲಿ ಈಸೂರಿನ ಐವರನ್ನು ಗಲ್ಲಿಗೇರಿಸಲಾಯಿತು. ಆ ಇಬ್ಬರು ಅಧಿಕಾರಿಗಳ ಸಾವನ್ನು ನಾನು ಹಗುರವಾಗಿ ಕಾಣುವುದಿಲ್ಲ. ಆದರೆ ನಂಬಿದವರನ್ನು ಒಳಗಿನಿಂದ ಮಾರಿಕೊಳ್ಳುವ ಕೃತ್ಯ ಅಲ್ಲಿ ನಡೆಯಲಿಲ್ಲ, ಅವರು ಮಾಡಿದ್ದೆಲ್ಲವನ್ನೂ ಹಾಡಹಗಲೇ ಮಾಡಿದರು. ಆದ್ದರಿಂದ ಶಿಕಾರಿಪುರದ ಸುತ್ತಲಿನ ನಾವು ಅವರನ್ನು ಹುತಾತ್ಮರೆಂದು ನೆನೆಯುವುದು ಸರಿಯಾಗಿಯೇ ಇದೆ.