ಓದುಗರ ಪ್ರಶ್ನೆ: ಮನಿಲಾದಿಂದ ಬಂದ ಕಾರ್ಡು

ಪ್ರಶ್ನೆ: ತೀರಿಕೊಂಡ ನಮ್ಮ ತಂದೆಯವರ ಟ್ರಂಕಿನಲ್ಲಿ ‘ರೇಡಿಯೋ ವೆರಿತಾಸ್ ಏಷ್ಯಾ’ ಎಂಬ ಹೆಸರಿನ ಚಿತ್ರದ ಕಾರ್ಡೊಂದು ಸಿಕ್ಕಿದೆ. ಜೊತೆಗಿದ್ದ ನೋಟುಬುಕ್ಕಿನಲ್ಲಿ ಅದೇ ತಾರೀಖಿನ ಎದುರು 43433 ಎಂದು ಬರೆದಿದ್ದಾರೆ. ನಮ್ಮ ಮನೆಮಾತು ತಮಿಳು. ಅವರು ಆ ಕೇಂದ್ರದ ತಮಿಳು ಪ್ರಸಾರ ಕೇಳುತ್ತಿದ್ದರು. ಇದೇನೆಂದು ತಿಳಿಸುವಿರಾ? (ಒಬ್ಬ ಓದುಗ, ಮಂಡ್ಯ)

ಉತ್ತರ: ನಿಮಗೆ ಸಿಕ್ಕಿರುವುದು ಕ್ಯೂಎಸ್‌ಎಲ್ ಕಾರ್ಡು. ದೂರದ ಕೇಂದ್ರವನ್ನು ಹಿಡಿದ ಕೇಳುಗನು ಯಾವ ದಿನ, ಎಷ್ಟು ಹೊತ್ತಿಗೆ, ಯಾವ ಕಂಪನಾಂಕದಲ್ಲಿ ಏನು ಕೇಳಿಸಿತೆಂದು ಬರೆದು ಕಳುಹಿಸಿದರೆ, ಕೇಂದ್ರದವರು ಅದನ್ನು ತಾಳೆ ನೋಡಿ, ‘ಹೌದು, ನೀವು ಕೇಳಿದ್ದು ನಮ್ಮನ್ನೇ’ ಎಂದು ಅಂಚೆಯಲ್ಲಿ ಕಳುಹಿಸುತ್ತಿದ್ದ ರಸೀದಿ ಅದು. ಆ ಐದು ಅಂಕಿಗಳು ನಿಮ್ಮ ತಂದೆ ಕೊಟ್ಟ ಅಂಕಗಳು: ಧ್ವನಿಯ ಬಲಕ್ಕೆ 4, ಪಕ್ಕದ ಕೇಂದ್ರಗಳ ಅಡಚಣೆಗೆ 3, ಗರಗರ ಸದ್ದಿಗೆ 4, ಏರಿಳಿತಕ್ಕೆ 3, ಒಟ್ಟಾರೆ 3. ಅಡಚಣೆ, ಸದ್ದು, ಏರಿಳಿತ ಕಡಿಮೆಯಿದ್ದಷ್ಟೂ ಅಂಕ ಹೆಚ್ಚು; ಐದಕ್ಕೆ ಐದು ಬಂದರೆ ಉತ್ತಮ. ಸುಮಾರು 4,800 ಕಿ.ಮೀ. ಆಚೆಯ ಫಿಲಿಪ್ಪೀನ್ಸಿನಿಂದ, ರೇಡಿಯೋ ಅಲೆಗಳನ್ನು ನೆಲಕ್ಕೆ ಮರಳಿಸುವ ಮೇಲ್ವಾತಾವರಣದ ಪದರವಾದ ಅಯಾನುಗೋಲಕ್ಕೆ ಬಡಿದು ಮಂಡ್ಯಕ್ಕೆ ಇಳಿದ ದನಿಗೆ ಮೂರು ಕೊಟ್ಟಿರುವುದು ಕೊಂಚ ಬಿಗಿ ಕೈಯೇ ಸರಿ.

ಲ್ಯಾಟಿನ್ನಿನಲ್ಲಿ ‘ವೆರಿತಾಸ್’ ಎಂದರೆ ಸತ್ಯ. ಆಗ್ನೇಯ ಏಷ್ಯಾದ ಕಥೋಲಿಕ ಬಿಷಪ್ಪರು 1958ರಲ್ಲಿ ಫಿಲಿಪ್ಪೀನ್ಸಿನ ರಾಜಧಾನಿ ಮನಿಲಾದಲ್ಲಿ ಸೇರಿದಾಗ ಇಂಥದೊಂದು ಕೇಂದ್ರ ಬೇಕೆಂದು ನಿರ್ಧರಿಸಿದರು. ಪಶ್ಚಿಮ ಜರ್ಮನಿಯ ನೆರವಿನಿಂದ ಅದು ಕಟ್ಟಲ್ಪಟ್ಟು, 1969ರ ಏಪ್ರಿಲ್‌ನಲ್ಲಿ ಉದ್ಘಾಟನೆಯಾಯಿತು. ಏಷ್ಯಾದ ಹಲವು ಭಾಷೆಗಳಲ್ಲಿ ಪ್ರಸಾರವಿತ್ತು. ದಕ್ಷಿಣ ಭಾರತದವುಗಳ ಪೈಕಿ ತಮಿಳು, ತೆಲುಗುಗಳಿಗೆ ವಿಭಾಗಗಳಿದ್ದವು, ಕಿರುತರಂಗದ (ಶಾರ್ಟ್‌ವೇವ್) ಕಾಲದಲ್ಲಿ ಕನ್ನಡಕ್ಕೆ ಇರಲಿಲ್ಲ. ನಮ್ಮ ಕಡೆ ಇದನ್ನು ಬಲ್ಲವರು ಹೆಚ್ಚಾಗಿ ತಮಿಳು ಮನೆಗಳವರೇ ಆಗಿರುವುದಕ್ಕೆ ಇದೇ ಕಾರಣವಿರಬೇಕು.

ಈ ಕೇಂದ್ರ ಲೋಕಕ್ಕೆಲ್ಲ ಗೊತ್ತಾದದ್ದು ಮಾತ್ರ ಪ್ರಾರ್ಥನೆಯಿಂದಲ್ಲ. 1986ರ ಫೆಬ್ರವರಿ 22ರ ರಾತ್ರಿ, ಫಿಲಿಪ್ಪೀನ್ಸ್ ಅಧ್ಯಕ್ಷ ಮಾರ್ಕೋಸರ ವಿರುದ್ಧ ತಿರುಗಿ ಸೇನಾ ಶಿಬಿರದೊಳಗೆ ಕುಳಿತಿದ್ದ ರಕ್ಷಣಾ ಸಚಿವ ಎನ್ರಿಲೆ ಹಾಗೂ ಸೇನಾಧಿಕಾರಿ ರಾಮೋಸ್ ಅವರಿಗೆ ಬೆಂಬಲವಾಗಿ ಬೀದಿಗೆ ಬನ್ನಿರೆಂದು ಮನಿಲಾದ ಆರ್ಚ್‌ಬಿಷಪ್ ಕಾರ್ಡಿನಲ್ ಹೈಮೆ ಸಿನ್ ಇದೇ ರೇಡಿಯೋದಲ್ಲಿ ಕರೆಕೊಟ್ಟರು. ಮನಿಲಾದ ಎಡ್ಸಾ ಹೆದ್ದಾರಿ ಜನರಿಂದ ತುಂಬಿತು. ಮರುದಿನ ಮಾರ್ಕೋಸರ ಸೈನಿಕರು ಕೇಂದ್ರದ ಟ್ರಾನ್ಸ್‌ಮಿಟರನ್ನು ಒಡೆದುಹಾಕಿದರು; ಜೂನ್ ಕೀತ್ಲಿ ಎಂಬ ನಿರೂಪಕಿ ಬೇರೊಂದು ಕೇಂದ್ರಕ್ಕೆ ಹೋಗಿ ಮಾತು ಮುಂದುವರಿಸಿದರು. ಫೆಬ್ರವರಿ 25ರಂದು ಮಾರ್ಕೋಸ್ ದೇಶ ಬಿಟ್ಟರು. ಅದೇ ವರ್ಷ ಈ ರೇಡಿಯೋಗೆ ಮ್ಯಾಗ್ಸೇಸೆ ಪ್ರಶಸ್ತಿ ದೊರೆಯಿತು.

ಕಿರುತರಂಗ ಪ್ರಸಾರ 2018ರ ಜೂನ್ ಕೊನೆಗೆ ನಿಂತು, ಈಗ ಅದು ಅಂತರ್ಜಾಲದಲ್ಲಿದೆ. ಇನ್ನು ಮುಂದೆ ಆ ಪ್ರಸಾರಕ್ಕೆ ಯಾರೂ 43433 ಎಂದು ಬರೆಯಲಾರರಾದ್ದರಿಂದ, ಕಾರ್ಡನ್ನೂ ನೋಟುಬುಕ್ಕನ್ನೂ ಬೇರೆ ಮಾಡದೆ ಒಟ್ಟಿಗೇ ಇಟ್ಟುಕೊಳ್ಳಿ.

ಪ್ರಶ್ನೆ: ಮೈಸೂರಿನ ಕಥೋಲಿಕ ಧರ್ಮಪ್ರಾಂತ್ಯವೇ ಒಂದು ಎಫ್‌ಎಂ ಕೇಂದ್ರ ತೆರೆಯಬಾರದೇಕೆ? (ಒಬ್ಬ ಓದುಗಿ, ಮೈಸೂರು)

ಉತ್ತರ: ಧಾರ್ಮಿಕ ಸಂಸ್ಥೆಗಳಿಗೆ ಖಾಸಗಿ ಎಫ್‌ಎಂ ಪರವಾನಗಿ ಕೊಡಬಾರದೆಂಬುದು ಕೇಂದ್ರ ಸರ್ಕಾರದ ನೀತಿ, ಇದು ಎಲ್ಲ ಧರ್ಮಗಳಿಗೂ ಒಂದೇ. ಉಳಿದ ದಾರಿ ಸಮುದಾಯ ಬಾನುಲಿಯದು. ಆ ಪರವಾನಗಿ ಶಿಕ್ಷಣ ಸಂಸ್ಥೆಗಳಿಗೆ ಸಿಗುತ್ತದೆ, 2006ರಿಂದ ಲಾಭದ ಉದ್ದೇಶವಿಲ್ಲದ ಸಂಘಸಂಸ್ಥೆಗಳಿಗೂ ಸಿಗುತ್ತಿದೆ. ಮಂಗಳೂರಿನಲ್ಲಿ ಯೇಸುಸಭೆಯವರ (ಜೆಸ್ವಿಟ್ ಪಾದ್ರಿಗಳ) ಸಂತ ಅಲೋಶಿಯಸ್ ಕಾಲೇಜು 2009ರಲ್ಲಿ ಆರಂಭಿಸಿದ ‘ರೇಡಿಯೋ ಸಾರಂಗ್’ 107.8 ಈ ದಾರಿಯದೇ. ಅಲ್ಲಿ ಕನ್ನಡ, ತುಳು, ಕೊಂಕಣಿ, ಬ್ಯಾರಿ ಮಾತುಗಳು ಕೇಳುತ್ತವೆಯೇ ಹೊರತು ಅದು ಪೂಜಾವಿಧಿಯ ಕೇಂದ್ರವಲ್ಲ. ನಿಮ್ಮೂರಿನಲ್ಲೇ ಸುತ್ತೂರು ಮಠದ ವಿದ್ಯಾಸಂಸ್ಥೆಯವರ ಜೆಎಸ್‌ಎಸ್ ರೇಡಿಯೋ 91.2 ಇದೆ. ಸಾಮಾನ್ಯವಾಗಿ ಇಂಥ ಕೇಂದ್ರದ ಪ್ರಸಾರ ಶಕ್ತಿ 100 ವ್ಯಾಟಿಗೆ ಸೀಮಿತ.

ಅದು ಕಡಿಮೆಯೆನ್ನಬೇಡಿ: 1935ರಲ್ಲಿ ನಿಮ್ಮೂರಿನ ಮಹಾರಾಜ ಕಾಲೇಜಿನ ಮನಶ್ಶಾಸ್ತ್ರದ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿಯವರು ಒಂಟಿಕೊಪ್ಪಲಿನ ತಮ್ಮ ಮನೆಯಿಂದ ‘ಆಕಾಶವಾಣಿ’ ಆರಂಭಿಸಿದಾಗ ಅವರ ಬಳಿಯಿದ್ದದ್ದು 30 ವ್ಯಾಟ್.