ಮುಚ್ಚಿದ ಕಿಟಕಿಯ ಮುಂದೆ

ಸಾಗರದ ನಿವೃತ್ತ ಮೇಷ್ಟ್ರೊಬ್ಬರು ಬರೆದಿದ್ದಾರೆ: ‘ಕೆಲಸ ಕೇಳಲು ಬಂದವನನ್ನು ಬೀಳಿಸಿ, ಒದ್ದು ನಗಿಸುವುದು ಹಾಸ್ಯವೇ? ನನ್ನ ಮಗ ಎರಡು ವರ್ಷದಿಂದ ಬೆಂಗಳೂರಿನಲ್ಲಿ ಕೆಲಸಕ್ಕೆ ಅಲೆಯುತ್ತಿದ್ದಾನೆ. ಮೂಕಿಚಿತ್ರಗಳನ್ನು ಹೊಗಳಿದ ನಿಮ್ಮ ಲೇಖನ ಓದಿ ನನಗೆ ನಗು ಬರಲಿಲ್ಲ.’

ಮೇಷ್ಟ್ರೇ, ನಿಮ್ಮ ಮಾತಿನಲ್ಲಿ ಹುರುಳಿಲ್ಲ ಎನ್ನಲಾರೆ. 1915ರ ‘ಹಿಸ್ ನ್ಯೂ ಜಾಬ್’ನಲ್ಲಿ ಸ್ಟುಡಿಯೋಗೆ ಕೆಲಸ ಕೇಳಲು ಬಂದ ಚಾಪ್ಲಿನ್, ತನ್ನಂತೆಯೇ ಬಂದ ಬೆನ್ ಟರ್ಪಿನ್‌ನನ್ನು ಗೋಳುಹೊಯ್ದುಕೊಳ್ಳುವುದು ಸ್ವಲ್ಪ ಅತಿಯೇ. ಅದನ್ನು ನಿಮಗೆ ಬಿಟ್ಟುಕೊಟ್ಟೆ.

ಆದರೆ 1918ರ ‘ಎ ಡಾಗ್ಸ್ ಲೈಫ್’ ಬಿಟ್ಟುಕೊಡಲಾರೆ. ಉದ್ಯೋಗ ಕಚೇರಿ. ಬಿಯರ್ ಕಾರ್ಖಾನೆಗೆ ಆಳು ಬೇಕಾಗಿದ್ದಾರೆ. ಬೆಂಚಿನ ಮೇಲೆ ಚಾರ್ಲಿ, ಎದುರಿಗೆ ಎರಡು ಕಿಟಕಿ. ಈ ಕಿಟಕಿಗೆ ಓಡಿದರೆ ಅಲ್ಲೊಬ್ಬ ನುಸುಳಿರುತ್ತಾನೆ, ಆ ಕಿಟಕಿಗೆ ಜಾರಿದರೆ ಅಲ್ಲಿ ಇನ್ನೊಬ್ಬ. ಎಲ್ಲರಿಗೂ ಚೀಟಿ ಸಿಕ್ಕು ಇವನ ಸರದಿ ಬರುವಾಗ ಕಿಟಕಿ ದಬಕ್ಕನೆ ಮುಚ್ಚುತ್ತದೆ. ಏಳನೇ ವಯಸ್ಸಿಗೇ ಲಂಡನ್ನಿನ ಲ್ಯಾಂಬೆತ್‌ನಲ್ಲಿ ನಿರ್ಗತಿಕರ ಸರ್ಕಾರಿ ಆಶ್ರಯ ಸೇರಿದ್ದ ಚಾಪ್ಲಿನ್‌ಗೆ ಕಿಟಕಿಗಳ ಸ್ವಭಾವ ಗೊತ್ತಿರದೆ ಇರುತ್ತದೆಯೇ?

ಮೂಕಿಚಿತ್ರಗಳ ಇನ್ನೊಬ್ಬ ನಗೆನಟ ಬಸ್ಟರ್ ಕೀಟನ್‌ನ ‘ಡೇಡ್ರೀಮ್ಸ್’ (1922) ನಿಮ್ಮ ಮನೆಯದೇ ಕಥೆ. ಪಟ್ಟಣಕ್ಕೆ ಹೋದ ಹುಡುಗ ತನ್ನ ಹುಡುಗಿಗೆ ಕಾಗದ ಬರೆಯುತ್ತಾನೆ. ಆಸ್ಪತ್ರೆಯಲ್ಲಿದ್ದೇನೆ ಎಂದರೆ ಅವಳು ದೊಡ್ಡ ಸರ್ಜನ್ ಅಂದುಕೊಳ್ಳುತ್ತಾಳೆ; ಅಲ್ಲಿ ನೋಡಿದರೆ ನಾಯಿ ಬೆಕ್ಕುಗಳ ಆಸ್ಪತ್ರೆ. ದೊಡ್ಡ ವ್ಯವಹಾರದ ಬೀದಿಯಲ್ಲಿದ್ದೇನೆ ಎಂದು ಬರೆದವನ ಕೈಯಲ್ಲಿ ಪೊರಕೆ! ನಿಮ್ಮ ಮಗ ಫೋನಿನಲ್ಲಿ ‘ಒಂದು ಕಡೆ ಮಾತುಕತೆ ನಡೀತಿದೆ ಅಪ್ಪಾ’ ಎನ್ನುತ್ತಾನಲ್ಲವೇ? ಕೇಳಿದ ನೀವೂ ನಂಬಿದ ಹಾಗೆ ನಟಿಸುತ್ತೀರಿ. ಸುಳ್ಳು ಅವನದೊಬ್ಬನದೇ ಅಲ್ಲ.

ನಾನೂ ಒಂದು ಕಚೇರಿಯ ಮುಂದೆ ಸರ್ಟಿಫಿಕೇಟಿನ ಫೈಲು ಹಿಡಿದು ಬೆಳಗ್ಗೆಯಿಂದ ನಿಂತಿದ್ದೆ. ‘ಸಾಹೇಬ್ರು ಊಟಕ್ಕೆ ಹೋಗಿದಾರೆ’ ಎಂದ ಜವಾನ ನಾಲ್ಕು ಗಂಟೆಗೆ ಬಂದು ‘ಸಾಹೇಬ್ರು ಊರಿಗೆ ಹೋದ್ರು’ ಎಂದ. ಸಾಲಿನಲ್ಲಿದ್ದ ನಾವು ಹದಿನೈದು ಮಂದಿ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು. ಆ ನಗುವನ್ನು ಕ್ರೂರ ಎಂದರೆ ನಾನು ಒಪ್ಪುವುದಿಲ್ಲ. ಈಗ ಬೈದುಕೊಳ್ಳಲು ಜವಾನನೂ ಇಲ್ಲ. ‘ನಿಮ್ಮ ಅರ್ಜಿ ಪರಿಶೀಲನೆಯಲ್ಲಿದೆ’ ಎಂದು ಮೊಬೈಲು ತಿಂಗಳುಗಟ್ಟಲೆ ಅದೇ ರಾಗ ಎಳೆಯುತ್ತದೆ. ನಮ್ಮ ಸಿನಿಮಾದವರೋ, ಹೀರೋನನ್ನು ಹೆಲಿಕಾಪ್ಟರಿನಿಂದ ಇಳಿಸುವುದರಲ್ಲೇ ಇದ್ದಾರೆ. ಅವನನ್ನು ಒಮ್ಮೆಯಾದರೂ ಸಾಲಿನಲ್ಲಿ ನಿಲ್ಲಿಸಬಾರದೇ?

ಮಗ ಹಬ್ಬಕ್ಕೆ ಬಂದಾಗ ಆ ಕಿಟಕಿಯ ದೃಶ್ಯ ಇಬ್ಬರೂ ಕೂತು ನೋಡಿ. ಅವನಿಗೂ ನಗು ಬರದಿದ್ದರೆ ಮತ್ತೆ ಬರೆಯಿರಿ, ಅದನ್ನೂ ಅಚ್ಚು ಹಾಕುತ್ತೇನೆ.

– ಸಂ.